ಮೂರು ದಿನ ಮಾಗಬೇಕಾದ ಸಹಿ

ದೊಡ್ಡವರ ಜೀವನಚರಿತ್ರೆ ಕೊನೆಗೂ ಅಚ್ಚಾಗಿ ಬಂದಿದೆ. ಏಳುನೂರು ಪುಟ, ಗಟ್ಟಿ ರಟ್ಟು, ಎತ್ತಿ ಎಸೆದರೆ ಆಳು ಬೀಳಬೇಕು. ಅದರ ಹದಿನಾಲ್ಕನೆಯ ಅಧ್ಯಾಯದಲ್ಲಿ ಹೀಗಿದೆ: ದೇಶ ಹೊತ್ತಿ ಉರಿಯುತ್ತಿದ್ದ ಆ ಗುರುವಾರ ಬೆಳಿಗ್ಗೆ, ಅಧ್ಯಕ್ಷನ ಕಣ್ಣಲ್ಲಿ ಕಣ್ಣಿಟ್ಟು, ನಲವತ್ತೊಂದು ಜನ ಬಸ್ ನೌಕರರ ಬಿಡುಗಡೆಯ ಆದೇಶಕ್ಕೆ ಅವರು ಕೈ ನಡುಗದೆ ಇಂಕಿನಲ್ಲಿ ಸಹಿ ಹಾಕಿದರು. ಕೈ ನಡುಗಲಿಲ್ಲ ಎನ್ನುವುದು ಮಾತ್ರ ನಿಜ, ಯಾಕೆಂದರೆ ಆ ಕೈ ನನ್ನದು. ದೊಡ್ಡವರ ಕೈ ಆ ಹೊತ್ತಿನಲ್ಲಿ ಆಸ್ಪತ್ರೆಯ ಮಂಚದ ಮೇಲೆ, ಕಂಬಳಿಯ ಒಳಗೆ ಬೆಚ್ಚಗಿತ್ತು.

ಪುಸ್ತಕ ಬರೆದ ಮೇಷ್ಟ್ರು ನಮ್ಮ ಮನೆಗೂ ಬಂದಿದ್ದರು. ಎರಡು ಲೋಟ ಚಹಾ ಕುಡಿದು, 'ದೊಡ್ಡವರ ಬಗ್ಗೆ ಒಂದೆರಡು ಮಾತು ಹೇಳಿಮ್ಮಾ' ಎಂದರು. ನಾನು ಎರಡು ಗಂಟೆ ಹೇಳಿದೆ. ಅವರು ತಲೆಯಾಡಿಸಿದರು, ಕನ್ನಡಕ ಒರೆಸಿಕೊಂಡರು, ಅಯ್ಯಯ್ಯೋ ಎಂದರು. ಪುಸ್ತಕದಲ್ಲಿ ಬಂದಿರುವುದು ಒಂದೇ ಸಾಲು: 'ಅವರ ಕಚೇರಿಯ ಸಿಬ್ಬಂದಿ ಇಂದಿಗೂ ಅವರನ್ನು ಪ್ರೀತಿಯಿಂದ ನೆನೆಯುತ್ತಾರೆ.' ಪ್ರೀತಿಯಂತೆ ಪ್ರೀತಿ! ಓದಿದ ದಿನ ಮೈಯೆಲ್ಲ ಪರಚಿಕೊಳ್ಳುವ ಹಾಗಾಯಿತು. ಅದಕ್ಕೇ ಈಗ ನಾನೇ ಹೇಳಲು ಕೂತಿದ್ದೇನೆ.

ದೊಡ್ಡವರು ಅಂದರೆ ಗೃಹಮಂತ್ರಿಗಳು. ಲಿಫ್ಟಿನವನಿಂದ ಹಿಡಿದು ಸೇನಾಪತಿಯವರೆಗೆ ಎಲ್ಲರೂ ಅವರನ್ನು ಕರೆಯುತ್ತಿದ್ದದ್ದು ಹಾಗೆಯೇ. ನಾನು ಅವರ ಖಾಸಗಿ ಕಚೇರಿಯಲ್ಲಿ ಇಪ್ಪತ್ತೆರಡು ವರ್ಷ ಗುಮಾಸ್ತೆಯಾಗಿದ್ದೆ. ಆ ಇಪ್ಪತ್ತೆರಡು ವರ್ಷದಲ್ಲಿ ನಾಲ್ಕು ಸರ್ಕಾರ ಉರುಳಿದವು. ಒಬ್ಬ ಅಧ್ಯಕ್ಷನನ್ನು ಓಡಿಸಿದರು, ಇನ್ನೊಬ್ಬನನ್ನು ಮನೆಯಲ್ಲೇ ಕೂಡಿಹಾಕಿದರು, ಮೂರನೆಯವನು ಭಾಷಣ ಮಾಡುತ್ತಾ ಮಾಡುತ್ತಾ ಸತ್ತ. ಗೃಹಮಂತ್ರಿ ಮಾತ್ರ ಅದೇ ಕೋಣೆಯಲ್ಲಿ, ಅದೇ ಕುರ್ಚಿಯಲ್ಲಿ, ಅದೇ ಸಕ್ಕರೆಯಿಲ್ಲದ ಕಾಫಿ ಕುಡಿಯುತ್ತಾ ಇದ್ದರು. ಪ್ರತಿ ಸಲ ಗೋಡೆಯ ಮೇಲಿನ ಭಾವಚಿತ್ರ ಬದಲಾಗುತ್ತಿತ್ತು, ಮೊಳೆ ಬದಲಾಗುತ್ತಿರಲಿಲ್ಲ.

ಇದರ ಗುಟ್ಟು ಪೆನ್ಸಿಲ್. ತೀರ ಚಿಕ್ಕ ವಯಸ್ಸಿನಲ್ಲಿ, ಇನ್ನೂ ಉಪಮಂತ್ರಿಯಾಗಿದ್ದಾಗ, ಒಂದು ದಿನ ಬೆಳಿಗ್ಗೆ ಸೈನ್ಯ ಅರಮನೆಗೆ ನುಗ್ಗಿತು ಎಂಬ ಸುದ್ದಿ ಬಂದಿತ್ತಂತೆ. ಇವರು ತಡಮಾಡದೆ ಹೊಸ ನಾಯಕನಿಗೆ ಅಭಿನಂದನೆಯ ತಂತಿ ಬರೆದು, ಇಂಕಿನಲ್ಲಿ ಸಹಿ ಜಡಿದು ಕಳಿಸಿದರು. ಮಧ್ಯಾಹ್ನದ ಹೊತ್ತಿಗೆ ಹೊಸ ನಾಯಕ ಸೋತು ಹಳೆಯ ನಾಯಕನೇ ಗೆದ್ದಿದ್ದ. ಇವರು ಹನ್ನೊಂದು ತಿಂಗಳು ಕಂಬಿ ಎಣಿಸಿದರು. ಜೀವನಚರಿತ್ರೆಯ ಮೂರನೆಯ ಅಧ್ಯಾಯ ಇದನ್ನು 'ಪ್ರಜಾಪ್ರಭುತ್ವಕ್ಕಾಗಿ ಮೊದಲ ಬಲಿದಾನ' ಎನ್ನುತ್ತದೆ. ತಂತಿಯ ವಿಷಯ ಎಲ್ಲಿಯೂ ಇಲ್ಲ.

ಜೈಲಿನಿಂದ ಬಂದವರು ಮತ್ತೆ ಇಂಕು ಮುಟ್ಟಲಿಲ್ಲ. ಯಾವ ಕಡತವೇ ಬರಲಿ, ಪೆನ್ಸಿಲಿನಲ್ಲಿ ಸಹಿ ಹಾಕಿ ನನ್ನ ಕಡೆಗೆ ತಳ್ಳುವರು. ನನ್ನ ಮೇಜಿನ ಪಕ್ಕದಲ್ಲಿ ಒಂದು ಹಸಿರು ಕಬ್ಬಿಣದ ಬೀರು ಇತ್ತು. ಕಡತ ಅದರಲ್ಲಿ ಮೂರು ದಿನ ಮಲಗಬೇಕು. ಮೂರು ದಿನದಲ್ಲಿ ಯಾರ ತಲೆಯೂ ಉರುಳದಿದ್ದರೆ, ಯಾರಿಗೂ ಸಿಟ್ಟು ಬರದಿದ್ದರೆ, ದೊಡ್ಡವರು ಬಾಗಿಲಲ್ಲಿ ಇಣುಕಿ 'ಅದು ಹಣ್ಣಾಯ್ತು' ಎನ್ನುವರು. ಆಗ ನಾನು ಪೆನ್ಸಿಲ್ ಗೆರೆಯ ಮೇಲೆಯೇ ಇಂಕಿನಲ್ಲಿ ತಿದ್ದಬೇಕು. ಪರಿಸ್ಥಿತಿ ಕೆಟ್ಟರೆ 'ಅದು ಕಾಯಿ' ಎನ್ನುವರು. ಆಗ ರಬ್ಬರಿನಿಂದ ಉಜ್ಜಬೇಕು. ಇಡೀ ಸಚಿವಾಲಯಕ್ಕೆ ಈ ಭಾಷೆ ಗೊತ್ತಿತ್ತು. ದೊಡ್ಡ ದೊಡ್ಡ ಅಧಿಕಾರಿಗಳು ನನ್ನ ಮೇಜಿನ ಹತ್ತಿರ ಬಂದು, ಹಲ್ಲು ಕಿರಿದು, 'ನಮ್ಮ ಫೈಲು ಹಣ್ಣಾಯ್ತಾ ಮೇಡಂ?' ಎಂದು ಕೇಳುತ್ತಿದ್ದರು.

ಇಂಕು ಹಾಕುವುದು ಹುಡುಗಾಟವಲ್ಲ. ಕೈ ಬೆವರಿದರೆ ಕಾಗದ ಕೆಡುತ್ತದೆ. ಅದಕ್ಕೆ ಒಂದು ರಟ್ಟು ಮಾಡಿಟ್ಟಿದ್ದೆ, ನಡುವೆ ಸಹಿಯಷ್ಟೇ ಅಗಲದ ಕಿಂಡಿ. ಅದನ್ನು ಕಾಗದದ ಮೇಲೆ ಮುಚ್ಚಿದರೆ ಸಹಿ ಬಿಟ್ಟು ಬೇರೇನೂ ಕಾಣುವುದಿಲ್ಲ. ಅದೇ ನಿಯಮವೂ ಆಗಿತ್ತು: ಗೃಹಮಂತ್ರಿಯ ಕಾಗದವನ್ನು ಗುಮಾಸ್ತೆ ಓದಕೂಡದು. ನಾನು ಓದುತ್ತಿರಲಿಲ್ಲ. ಓದದೆ ಇರುವುದೇ ನನ್ನ ಹೆಮ್ಮೆ. ಇಪ್ಪತ್ತೆರಡು ವರ್ಷದಲ್ಲಿ ಒಂದೇ ಒಂದು ಹನಿ ಚೆಲ್ಲಿದವಳಲ್ಲ. ದೊಡ್ಡವರ ಸಹಿಯ ಕೊನೆಯ ಸುರುಳಿಯನ್ನು ಅವರಿಗಿಂತ ನಾನೇ ಚೆನ್ನಾಗಿ ಹಾಕುತ್ತಿದ್ದೆ. ಎಂಥ ಮಣ್ಣಿನ ಹೆಮ್ಮೆ!

ಇನ್ನು ನಮ್ಮ ಮನೆಯ ವಿಷಯ. ಅಪ್ಪ ಬೇಗ ಹೋದ. ಅಮ್ಮ, ನಾನು, ನನ್ನ ತಮ್ಮ, ಇಷ್ಟೇ ಜನ. ತಮ್ಮ ನನಗಿಂತ ಹದಿನೈದು ವರ್ಷ ಚಿಕ್ಕವನು, ಅವನನ್ನು ಎತ್ತಿ ಆಡಿಸಿ ಬೆಳೆಸಿದ್ದು ನಾನೇ. ಒಂಬತ್ತನೆಯ ನಂಬರಿನ ಬಸ್ಸು ಓಡಿಸುತ್ತಿದ್ದ. ಬಾಯಿ ಸ್ವಲ್ಪ ಜೋರು. ಮನೆಯಲ್ಲಿ ಊಟಕ್ಕೆ ಕೂತರೂ ಯಾರಿಗೋ ಹಿಂದೆ ಸರಿಯಿರಿ ಎನ್ನುವವನ ಹಾಗೆ ಕೂಗುತ್ತಿದ್ದ.

ಗಲಾಟೆ ಶುರುವಾದದ್ದು ಒಂದು ಕಪಾಳಮೋಕ್ಷದಿಂದ. ಅಧ್ಯಕ್ಷರ ಸವಾರಿ ಬರುವಾಗ ಒಂದು ಬಸ್ಸು ಬೇಗ ಪಕ್ಕಕ್ಕೆ ಸರಿಯಲಿಲ್ಲವೆಂದು ಅಂಗರಕ್ಷಕನೊಬ್ಬ ಇಳಿದು ಬಂದು ಚಾಲಕನನ್ನು ಪ್ರಯಾಣಿಕರ ಮುಂದೆಯೇ ಬಾರಿಸಿದ. ಚಾಲಕನಿಗೆ ಅರವತ್ತರ ಹತ್ತಿರ ವಯಸ್ಸು. ಕಿವಿಯ ತಮಟೆ ಹರಿಯಿತು. ಮರುದಿನ, ಭಾನುವಾರ, ಒಂದೇ ಒಂದು ಬಸ್ಸು ಡಿಪೋದಿಂದ ಹೊರಗೆ ಬರಲಿಲ್ಲ. ಹೊಡೆದವನನ್ನು ನ್ಯಾಯಾಲಯಕ್ಕೆ ಎಳೆಯಿರಿ, ಆಮೇಲೆ ಗಾಡಿ ತೆಗೆಯುತ್ತೇವೆ ಎಂದು ಡೀಸೆಲ್ ಡ್ರಮ್ಮಿನ ಮೇಲೆ ಹತ್ತಿ ನಿಂತು ಹೇಳಿದವನು ನನ್ನ ತಮ್ಮ. ಬುಧವಾರದ ಹೊತ್ತಿಗೆ ಕಾರ್ಖಾನೆಯವರು, ಕಾಲೇಜಿನವರು, ಕೊನೆಗೆ ಕಸ ಗುಡಿಸುವವರೂ ಸೇರಿಕೊಂಡರು.

ಸೋಮವಾರವೇ ದೊಡ್ಡವರು ಒಂದು ಕಟ್ಟು ಕಾಗದಕ್ಕೆ ಪೆನ್ಸಿಲ್ ಆಡಿಸಿ ನನ್ನ ಬೀರುವಿಗೆ ಕಳಿಸಿದ್ದರು. ಗುರುವಾರ ಬೆಳಿಗ್ಗೆ ಬಾಗಿಲಲ್ಲಿ ಇಣುಕಿದರು. 'ಅದು ಹಣ್ಣಾಯ್ತು. ಇವತ್ತೇ ಕಳಿಸಿಬಿಡಿ.' ನಾನು ರಟ್ಟು ಮುಚ್ಚಿದೆ, ನಿಬ್ಬು ಅದ್ದಿದೆ, ಒಂದಾದ ಮೇಲೆ ಒಂದು ಹಾಕುತ್ತಾ ಹೋದೆ. ನಲವತ್ತೊಂದು ಕಾಗದ. ನಡುವೆ ಒಮ್ಮೆ ಬೆರಳು ಚಟಕ್ಕೆಂದಿತು, ಎದ್ದು ಹೋಗಿ ಚಹಾ ಕುಡಿದು ಬಂದೆ.

ಸಂಜೆ ಮನೆಗೆ ಹೋದರೆ ಅಮ್ಮ ಬಾಗಿಲಲ್ಲೇ ನಿಂತಿದ್ದಳು. ಒಳಗೆ ಕಪಾಟಿನ ಬಟ್ಟೆಯೆಲ್ಲ ನೆಲಕ್ಕೆ ಬಿದ್ದಿತ್ತು.

'ಅವನ್ನ ಹಿಡ್ಕೊಂಡು ಹೋದ್ರು ಕಣೇ,' ಎಂದಳು.

'ಯಾರು? ಯಾವಾಗ?'

'ಪೊಲೀಸ್ನೋರು. ವಾರಂಟು ಎಲ್ಲಿ ತೋರ್ಸಿ ಅಂದೆ, ತೋರ್ಸಿದ್ರು. ನಿಮ್ಮ ದೊಡ್ಡೋರ ಸಹಿನೇ. ಇಂಕಲ್ಲಿತ್ತು. ಎಷ್ಟು ಅಚ್ಚುಕಟ್ಟಾಗಿ ಹಾಕಿದಾನೆ ನೋಡು, ಪಾಪಿ! ಮನುಷ್ಯರನ್ನ ಜೈಲಿಗೆ ತಳ್ಳೋ ಕಾಗ್ದಕ್ಕೆ ಯಾರಾದ್ರೂ ಅಷ್ಟು ಚಂದ ಸಹಿ ಹಾಕ್ತಾರಾ?'

ಮೂರು ದಿನ. ಮೂರು ದಿನ ಆ ಕಾಗದ ನನ್ನ ಬೀರುವಿನಲ್ಲಿತ್ತು, ಬೀಗದ ಕೈ ನನ್ನ ಸೊಂಟದಲ್ಲಿತ್ತು. ಒಂದು ಸಲ ರಟ್ಟು ಸರಿಸಿ ನೋಡಿದ್ದರೆ ಸಾಕಿತ್ತು. 'ಎಲ್ಲಾದರೂ ಹೋಗಿ ಬಚ್ಚಿಟ್ಟುಕೋ' ಎಂದು ಹೇಳಲು ಮೂರು ಇಡೀ ದಿನ ಇದ್ದವು. ಬಾಗಿಲ ಸಂದಿಗೆ ಬಲಗೈ ಇಟ್ಟು ಜಜ್ಜಿಕೊಳ್ಳಬೇಕು ಎನ್ನಿಸಿತು. ಆ ಸಹಿ ನನ್ನ ಕೈಯದೆಂದು ಅಮ್ಮನಿಗೆ ಹೇಳಲಿಲ್ಲ. ಬಟ್ಟೆ ಮಡಿಸಿ ಇಡತೊಡಗಿದೆ.

ವಿಚಾರಿಸಿದಾಗ ಗೊತ್ತಾಯಿತು: ನಲವತ್ತೊಂದು ಜನರನ್ನೂ ಊರ ಹೊರಗಿನ ಜೈಲಿನಲ್ಲಿಟ್ಟಿದ್ದಾರೆ, ಮುಂದಿನ ಗುರುವಾರ ಬೆಳಿಗ್ಗೆ ಹತ್ತಕ್ಕೆ ಕಲ್ಲುಗಣಿ ಜೈಲಿಗೆ ಸಾಗಿಸುತ್ತಾರೆ. ಕಲ್ಲುಗಣಿಗೆ ಹೋದವರ ಬಗ್ಗೆ ನಾನು ಕಚೇರಿಯಲ್ಲಿ ಕೇಳಿದ್ದೆ. ಹೋದವರ ಪಟ್ಟಿ ಉದ್ದ, ಬಂದವರ ಪಟ್ಟಿ ಚಿಕ್ಕದು. ಬಂದವರೂ ಕೆಮ್ಮುತ್ತಾ ಬರುತ್ತಿದ್ದರು. ಹಾಗಾಗಿ ಗುರುವಾರ ಹತ್ತು ಗಂಟೆಯೊಳಗೆ ತಮ್ಮನನ್ನು ಹೊರಗೆ ತರಬೇಕು. ಬೇರೆ ಏನೂ ನನ್ನ ತಲೆಯಲ್ಲಿರಲಿಲ್ಲ.

ಸೋಮವಾರ ದೊಡ್ಡವರ ಕೋಣೆಗೆ ಹೋದೆ. ಎರಡು ರೇಡಿಯೋ ಹಚ್ಚಿಕೊಂಡು ಕೂತಿದ್ದರು. ಒಂದರಲ್ಲಿ ಸರ್ಕಾರದ ಕವಾಯತು ಸಂಗೀತ, ಇನ್ನೊಂದರಲ್ಲಿ ಗಲಾಟೆಯವರ ಕಳ್ಳ ಸುದ್ದಿ. ಎರಡು ಕಿವಿಗೆ ಎರಡು ಸರ್ಕಾರ. ಮೇಜಿನ ಮೇಲೆ ಎರಡು ಭಾಷಣ ಸಿದ್ಧವಿದ್ದವು, ಎರಡಕ್ಕೂ 'ನನ್ನ ಪ್ರಿಯ ದೇಶಬಾಂಧವರೇ' ಎಂಬ ಒಂದೇ ಶುರು. ಕಿಟಕಿಯನ್ನು ನಾಲ್ಕು ಬೆರಳಷ್ಟು ತೆರೆದಿಟ್ಟಿದ್ದರು, ಎದುರಿನ ಚೌಕದಲ್ಲಿ ಕೂಗು ಎಷ್ಟು ಜೋರಾಗಿದೆ ಎಂದು ನೋಡಲು.

'ಸಾರ್, ನನ್ನ ತಮ್ಮ ಒಳಗಿದಾನೆ,' ಎಂದೆ.

ಕನ್ನಡಕ ಇಳಿಸಿ ನೋಡಿದರು. 'ಅಯ್ಯೋ! ನಿಮ್ಮ ತಮ್ಮನಾ? ಮೊದಲೇ ಹೇಳ್ಬಾರದಾ? ಕಾಗದ ನಿಮ್ಮ ಹತ್ರಾನೇ ಇತ್ತಲ್ಲ.'

'ನಾನು ಓದಲ್ಲ ಸಾರ್.'

'ಹೌದೌದು. ಅದೇ ನಿಮ್ಮ ದೊಡ್ಡ ಗುಣ.'

ಆ ಮಾತಿಗೆ ಕೆನ್ನೆಗೆ ಹೊಡೆದ ಹಾಗಾಯಿತು. ಆದರೂ ಅಲ್ಲೇ ನಿಂತೆ. 'ಗುರುವಾರ ಸಾಗಿಸ್ತಾರಂತೆ ಸಾರ್. ಬಿಡುಗಡೆಗೆ ಒಂದು ಆದೇಶ ಬೇಕು.'

ದೊಡ್ಡವರು ಕಿಟಕಿ ನೋಡಿದರು, ರೇಡಿಯೋ ನೋಡಿದರು, ಗೋಡೆಯ ಮೇಲಿದ್ದ ಅಧ್ಯಕ್ಷರನ್ನು ನೋಡಿದರು. ಆ ಮನುಷ್ಯ ಜೀವಮಾನವಿಡೀ ಅಡ್ಡಗೋಡೆಯ ಮೇಲೆ ದೀಪ ಇಟ್ಟುಕೊಂಡೇ ಬಂದವರು. 'ಹಾಕೋಣ, ಹಾಕೋಣ. ಬರೀ ನಿಮ್ಮ ತಮ್ಮನಿಗೆ ಅಂದ್ರೆ ಚೆನ್ನಾಗಿರಲ್ಲ. ನಲವತ್ತೊಂದು ಜನಕ್ಕೂ ಸೇರಿಸಿ ಟೈಪ್ ಮಾಡಿ ತನ್ನಿ. ನಾಳೆ ಯಾರಾದ್ರೂ ಕೇಳಿದ್ರೆ ನಮ್ಮ ಹತ್ರ ಒಂದು ಕಾಗದ ಇರಬೇಕಲ್ಲ.'

ಕಾಲು ಗಂಟೆಯಲ್ಲಿ ಟೈಪ್ ಮಾಡಿ ತಂದೆ. ಪೆನ್ಸಿಲ್ ತೆಗೆದು ಸಹಿ ಹಾಕಿ, ನಗುತ್ತಾ ಕೈಗಿಟ್ಟರು. 'ಬೀರುನಲ್ಲಿಡಿ, ಮಾಗ್ಲಿ.'

'ಸಾರ್, ಗುರುವಾರ ಹತ್ತು ಗಂಟೆಗೆ...'

'ಗುರುವಾರದ ಹೊತ್ತಿಗೆ ದೇಶ ಯಾರ ಕೈಲಿರುತ್ತೋ ಯಾರಿಗೆ ಗೊತ್ತು? ಆತುರ ಪಟ್ಟು ನಾನು ಹನ್ನೊಂದು ತಿಂಗಳು ಅನುಭವಿಸಿದೀನಿ. ನಾನು ಹಣ್ಣಾಯ್ತು ಅನ್ನೋ ತನಕ ಮುಟ್ಟಬೇಡಿ.'

ಮಂಗಳವಾರ ಕೂಗು ಜೋರಾಯಿತು. ಬುಧವಾರ ಬೆಳಿಗ್ಗೆ ಜನ ಅಂಚೆ ಕಚೇರಿಯವರೆಗೆ ಬಂದರು, ಮಧ್ಯಾಹ್ನ ಸೈನ್ಯ ಅವರನ್ನು ಹಿಂದಕ್ಕೆ ಅಟ್ಟಿತು, ಸಂಜೆ ಜನ ಮತ್ತೆ ಬಂದರು. ಯಾರು ಗೆಲ್ಲುತ್ತಾರೆಂದು ಹೇಳಲು ಯಾರಿಗೂ ಆಗದಂಥ ಪರಿಸ್ಥಿತಿ. ಇಂಥ ಹೊತ್ತಿನಲ್ಲಿ ದೊಡ್ಡವರಿಗೆ ಎದೆನೋವು ಬರುತ್ತದೆ ಎಂಬುದು ಸಚಿವಾಲಯದಲ್ಲಿ ಎಲ್ಲರಿಗೂ ಗೊತ್ತಿದ್ದ ವಿಷಯ. ಹೋದ ಸಲ ಸರ್ಕಾರ ಬಿದ್ದಾಗ ಒಂಬತ್ತು ದಿನ ಬಂದಿತ್ತು. ಈ ಸಲ ನಾಲ್ಕೂವರೆಗೆ ಬಂತು. ಆಂಬುಲೆನ್ಸಿನಲ್ಲಿ ಮಲಗಿಸುವಾಗ ನಾನು ಪಕ್ಕದಲ್ಲಿ ಓಡುತ್ತಾ, 'ಸಾರ್, ಆ ಫೈಲು? ಹಣ್ಣಾ, ಕಾಯಾ?' ಎಂದು ಕೇಳಿದೆ. ಅವರು ಕಣ್ಣು ಮುಚ್ಚಿಕೊಂಡು ನರಳಿದರು. ಇಷ್ಟು ನಾಜೂಕಾಗಿ ನರಳುವವರನ್ನು ನಾನು ಬೇರೆಲ್ಲೂ ಕಂಡಿಲ್ಲ.

ಗುರುವಾರ ಆರೂವರೆಗೆ ಕಚೇರಿಗೆ ಹೋದೆ. ಬೀಗ ತೆಗೆದು ಆದೇಶ ಹೊರತೆಗೆದೆ. ಅಭ್ಯಾಸಬಲದಿಂದ ರಟ್ಟಿಗೆ ಕೈಹಾಕಿದವಳು ಅದನ್ನು ಅತ್ತ ಎಸೆದು, ಮೊದಲ ಸಾಲಿನಿಂದ ಕೊನೆಯವರೆಗೆ ನಲವತ್ತೊಂದು ಹೆಸರನ್ನೂ ಗಟ್ಟಿಯಾಗಿ ಓದಿದೆ. ಹದಿನೇಳನೆಯದು ನನ್ನ ತಮ್ಮನದು. ಆಮೇಲೆ ನಿಬ್ಬು ಅದ್ದಿದೆ. ಯಾರೂ ಹಣ್ಣಾಯಿತು ಅಂದಿರಲಿಲ್ಲ. ಸಿಕ್ಕಿಬಿದ್ದರೆ ನಾನೂ ಕಲ್ಲುಗಣಿಗೇ. ಹೋಗೋಣ, ಅಕ್ಕ ತಮ್ಮ ಒಟ್ಟಿಗೆ ಕಲ್ಲು ಒಡೆಯೋಣ ಎಂದುಕೊಂಡು ಕೊನೆಯ ಸುರುಳಿಯನ್ನು ಎಂದಿಗಿಂತ ಚೆನ್ನಾಗಿ ಹಾಕಿದೆ.

ಕಾಗದ ರವಿಕೆಯೊಳಗೆ ಸೇರಿಸಿ ಹೊರಟರೆ ಬಸ್ಸಿಲ್ಲ! ನನ್ನ ತಮ್ಮನೇ ನಿಲ್ಲಿಸಿದ ಬಸ್ಸು. ಅವನನ್ನು ಬಿಡಿಸಲು ಅವನನ್ನೇ ಬೈದುಕೊಳ್ಳುತ್ತಾ ಎರಡೂವರೆ ಗಂಟೆ ನಡೆದೆ. ಅಂಗಡಿಗಳ ಬಾಗಿಲು ಮುಚ್ಚಿದ್ದವು, ಟೈರು ಉರಿಯುತ್ತಿತ್ತು, ರಸ್ತೆಗೆ ಅಡ್ಡಲಾಗಿ ಯಾರೋ ಮನೆಯ ಮಂಚ ತಂದಿಟ್ಟಿದ್ದರು. ಅಲ್ಲಿ ಕೂತಿದ್ದ ಮುಷ್ಕರದವನೊಬ್ಬ ನನ್ನ ಕಚೇರಿಯ ಬಿಲ್ಲೆ ನೋಡಿ, 'ಸರ್ಕಾರಿ ನೌಕರಿಯೋರು ಈ ಕಡೆ ಹೋಗಂಗಿಲ್ಲ' ಎಂದು ತಡೆದ.

'ನಿಮ್ಮ ಲೀಡರನ್ನ ಬಿಡಿಸ್ಕೊಂಡು ಬರೋಕೆ ಹೋಗ್ತಿದೀನಿ ಕಣೋ ಕತ್ತೆ! ಮಂಚ ಸರಿಸು!'

ಸರಿಸಿದ. ಆ ಗಡಿಬಿಡಿಯಲ್ಲಿ ಒಂದು ಚಪ್ಪಲಿ ಕಿತ್ತುಹೋಯಿತು, ಇನ್ನೊಂದನ್ನೂ ಬಿಸಾಡಿ ಬರಿಗಾಲಲ್ಲಿ ನಡೆದೆ.

ಜೈಲಿನ ಅಂಗಳದಲ್ಲಿ ಲಾರಿ ಆಗಲೇ ಬಂದು ನಿಂತಿತ್ತು. ಜೈಲರ್ ನನ್ನನ್ನು ಒಳಗೆ ಕರೆದು ಕಾಗದ ಬಿಚ್ಚಿ ನೋಡಿದ. ಅವನ ಮುಖದ ಬಣ್ಣ ಇಳಿಯಿತು. ಹೆಬ್ಬೆರಳಿಗೆ ಎಂಜಲು ಹಚ್ಚಿ ಸಹಿಯ ತುದಿಯನ್ನು ಮೆಲ್ಲಗೆ ಉಜ್ಜಿದ. ನೀಲಿ ಹತ್ತಿತು. ಕಿಟಕಿಯ ಬೆಳಕಿಗೆ ಹಿಡಿದ. 'ಕೆಳಗೆ ಪೆನ್ಸಿಲ್ಲು, ಮೇಲೆ ಇಂಕು. ಅಸಲಿನೇ,' ಎಂದು ತನ್ನಷ್ಟಕ್ಕೆ ಹೇಳಿಕೊಂಡ. ಆಮೇಲೆ ದನಿ ತಗ್ಗಿಸಿ ಕೇಳಿದ, 'ಮೇಡಂ, ನಿಜ ಹೇಳಿ. ಹಣ್ಣಾಗಿದೆಯಾ?'

'ನಿಮ್ಮ ಬೆರಳು ನೋಡ್ಕೊಳ್ಳಿ,' ಎಂದೆ.

ಅವನು ಕುರ್ಚಿಯಲ್ಲಿ ಕುಸಿದು ಕೂತ. ಎರಡು ನಿಮಿಷ ಬೆರಳನ್ನೇ ನೋಡಿದ. ನಾನು ಬರಬರುತ್ತಾ ನೂರು ಸುಳ್ಳು ಸಿದ್ಧ ಮಾಡಿಕೊಂಡಿದ್ದೆ, ಒಂದನ್ನೂ ಕೇಳಲಿಲ್ಲ. ಅವನು ಯೋಚಿಸುತ್ತಿದ್ದದ್ದು ನನ್ನ ತಮ್ಮನ ವಿಷಯವೇ ಅಲ್ಲ. ಇಪ್ಪತ್ತೆರಡು ವರ್ಷದಲ್ಲಿ ಒಂದು ಸಲವೂ ತಪ್ಪು ಕಡೆಗೆ ಇಂಕು ಹಾಕದ ಮನುಷ್ಯ, ಅಧ್ಯಕ್ಷರು ಹಿಡಿಸಿದವರನ್ನು ಬಿಡಿ ಎಂದು ಇಂಕು ಹಾಕಿದ್ದಾರೆ. ಹಾಗಂದರೆ ಅಧ್ಯಕ್ಷರ ಕಥೆ ಏನು?

ಫೋನಿಗೆ ಕೈಹಾಕಿದ. ದಂಡಿನ ಪ್ರದೇಶದ ಕರ್ನಲ್ ಅವನ ಷಡ್ಡಕ. 'ಷಡ್ಡಕರೇ, ಗುಟ್ಟಿನ ಮಾತು. ದೊಡ್ಡೋರು ಇಂಕು ಹಾಕ್ಬಿಟ್ಟಿದಾರೆ... ಹೂಂ, ಇಂಕು! ನಾನೇ ಮುಟ್ಟಿ ನೋಡಿದೆ... ಅಲ್ವಾ ಮತ್ತೆ? ಮುಗೀತು ಅಂತಾನೇ ಅರ್ಥ.' ಕರ್ನಲ್ ತನ್ನ ಟ್ಯಾಂಕುಗಳ ಮೂತಿಯನ್ನು ಚೌಕದ ಕಡೆಯಿಂದ ಅರಮನೆಯ ಕಡೆಗೆ ತಿರುಗಿಸಿ, ತನ್ನ ಬೀಗರಾದ ರೇಡಿಯೋ ನಿರ್ದೇಶಕರಿಗೆ ಫೋನು ಮಾಡಿದ. ಹನ್ನೊಂದಕ್ಕೆ ಕವಾಯತು ಸಂಗೀತ ನಿಂತು, 'ಮಾಜಿ ಅಧ್ಯಕ್ಷರು' ಎಂಬ ಮಾತು ಬಂತು. ತಾನು ಮಾಜಿ ಎಂಬುದನ್ನು ಅಧ್ಯಕ್ಷ ರೇಡಿಯೋದಲ್ಲಿ ಕೇಳಿಯೇ ತಿಳಿದುಕೊಂಡನಂತೆ. ಸ್ನಾನದ ಅಂಗಿಯಲ್ಲೇ ಕಾಲಿಗೆ ಬುದ್ಧಿ ಹೇಳಿದ. ಒಂದು ಸರ್ಕಾರ ಬೀಳಲು ಗುಂಡು ಬೇಕಾಗಲಿಲ್ಲ, ಒಬ್ಬ ಷಡ್ಡಕ, ಒಬ್ಬ ಬೀಗ, ನನ್ನ ನಿಬ್ಬು, ಇಷ್ಟೇ ಸಾಕಾಯಿತು.

ಆದರೆ ಅದೆಲ್ಲ ಆಮೇಲೆ ತಿಳಿದದ್ದು. ಹತ್ತಕ್ಕೆ ಐದು ನಿಮಿಷ ಇರುವಾಗ ಗೇಟು ತೆರೆಯಿತು. ನಲವತ್ತೊಂದು ಜನ ಕಣ್ಣು ಕಿರಿದು ಮಾಡಿಕೊಂಡು ಹೊರಗೆ ಬಂದರು. ತಮ್ಮನ ಗಡ್ಡ ಬೆಳೆದಿತ್ತು, ತುಟಿ ಊದಿತ್ತು.

'ಏನಕ್ಕಾ, ಚಪ್ಪಲಿ ಎಲ್ಲಿ?' ಎಂದ.

ನಾನು ರಸ್ತೆಯಲ್ಲೇ ಕೂತು ಹೋ ಎಂದು ಅತ್ತೆ. ಅವನು ತನ್ನ ಬೂಟು ಬಿಚ್ಚಿ ನನಗೆ ಹಾಕಿದ. ಆ ದೊಡ್ಡ ಬೂಟಿನಲ್ಲಿ ಪಟಪಟ ಸದ್ದು ಮಾಡುತ್ತಾ ಮನೆಗೆ ಬಂದೆ. ನನ್ನ ಆಯುಷ್ಯದಲ್ಲಿ ಅಷ್ಟು ಸಂತೋಷದ ದಿನ ಇನ್ನೊಂದಿಲ್ಲ.

ಶನಿವಾರ ನನಗೆ ಆಸ್ಪತ್ರೆಯಿಂದ ಕರೆ ಬಂತು. ಕೋಣೆಯ ತುಂಬಾ ಹೂಗುಚ್ಛ. ಕರ್ನಲ್, ರೇಡಿಯೋದವರು, ಕಾಲೇಜಿನ ನಾಯಕರು ಎಲ್ಲ ಬಂದು, ದೇಶ ಉಳಿಸಿದಿರಿ, ಇನ್ನು ನೀವೇ ಅಧ್ಯಕ್ಷರಾಗಬೇಕು ಎಂದು ಕೈಮುಗಿದು ಹೋಗಿದ್ದರು. ದೊಡ್ಡವರು ಎಲ್ಲರನ್ನೂ ಹೊರಗೆ ಕಳಿಸಿ, ಬಾಗಿಲು ಹಾಕಿಸಿ, ನನ್ನನ್ನು ಕೇಳಿದರು. 'ಹಣ್ಣಾಯ್ತು ಅಂತ ನಿಮಗೆ ಯಾರು ಹೇಳಿದ್ದು?'

'ಯಾರೂ ಹೇಳ್ಲಿಲ್ಲ ಸಾರ್. ನಾನೇ ಹಾಕಿದೆ.'

ಅವರ ಮೇಲ್ತುಟಿಯಲ್ಲಿ ಬೆವರು ಕಾಣಿಸಿತು. ಈ ಸಲ ನಿಜವಾಗಿಯೂ ಎದೆ ಹಿಡಿದುಕೊಂಡರು. ಆಮೇಲೆ ನಿಧಾನವಾಗಿ ಎದ್ದು ಕೂತರು. 'ಇಲ್ಲ, ಇಲ್ಲ. ನಾನು ಹೇಳಿದ್ದೆ. ಆಂಬುಲೆನ್ಸಲ್ಲಿ ನೀವು ಕೇಳಿದ್ರಿ, ನಾನು ಹೂಂ ಅಂದೆ. ಗದ್ದಲದಲ್ಲಿ ನಿಮಗೆ ನೆನಪಿಲ್ಲ.'

'ನೀವು ನರಳಿದ್ರಿ ಸಾರ್.'

'ಅದೇ ಹೂಂ.'

ಆ 'ಹೂಂ' ದಿನದಿನಕ್ಕೆ ಬೆಳೆಯಿತು. ಸೋಮವಾರ ರೇಡಿಯೋದಲ್ಲಿ, ಆಸ್ಪತ್ರೆಯ ಮಂಚದಿಂದಲೇ ತಾವು ಸಹಿ ಹಾಕಿದ್ದಾಗಿ ಹೇಳಿದರು. ಪ್ರಮಾಣವಚನದ ದಿನ ಮಂಚ ಮಾಯವಾಗಿ ಕಚೇರಿಯಾಯಿತು. ತಿಂಗಳು ತುಂಬುವಷ್ಟರಲ್ಲಿ ಹಳೆಯ ಅಧ್ಯಕ್ಷ ಪಿಸ್ತೂಲು ತೋರಿಸಿದ್ದ, ಇವರು ಪಿಸ್ತೂಲನ್ನು ಎಡಗೈಯಿಂದ ಪಕ್ಕಕ್ಕೆ ಸರಿಸಿ ಬಲಗೈಯಿಂದ ಸಹಿ ಹಾಕಿದ್ದರು. ಬರೀ ನಮ್ಮ ಕಿವಿಗೆ ಹೂವಿಡಲು ಹೇಳಿದ್ದರೆ ಚಿಂತೆಯಿರಲಿಲ್ಲ. ಅವರು ನಂಬಿಯೇ ಬಿಟ್ಟರು. ಕನ್ನಡಿಯ ಮುಂದೆ ಎದೆಯುಬ್ಬಿಸಿ ನಿಲ್ಲುವುದನ್ನು ನಾನೇ ನೋಡಿದೆ. ಅರವತ್ತೆಂಟು ವರ್ಷ ಅಂಜುಬುರುಕರಾಗಿದ್ದ ಮನುಷ್ಯ ನನ್ನಿಂದಾಗಿ ಒಂದೇ ತಿಂಗಳಲ್ಲಿ ಧೀರರಾಗಿಬಿಟ್ಟರು.

ಪೆನ್ಸಿಲ್‌ಗಳನ್ನೆಲ್ಲ ಒಂದು ಶಾಲೆಗೆ ದಾನ ಮಾಡಿದರು. ಪತ್ರಿಕೆಯವರು ಫೋಟೋ ತೆಗೆದರು. ಹಸಿರು ಬೀರುವನ್ನು ಕಚೇರಿಯ ಜಮಾದಾರ ತನ್ನ ಬಟ್ಟೆ ಇಡಲು ಒಯ್ದ. ನನಗೆ ಬಡ್ತಿ ಕೊಟ್ಟು ನೆಲಮಾಳಿಗೆಯ ರವಾನೆ ವಿಭಾಗಕ್ಕೆ ಹಾಕಿದರು. ಅಲ್ಲಿ ಕೆಲಸ, ಹೊರಗೆ ಹೋಗುವ ಕಾಗದಗಳ ನಕಲಿಗೆ ನಂಬರು ಬರೆಯುವುದು.

ಬಸ್ಸುಗಳು ಓಡತೊಡಗಿದ್ದವು. ಆದರೆ ಮುದುಕನ ಕಿವಿ ಹರಿದವನ ಮೇಲೆ ಕೇಸು ಮಾತ್ರ ಬರಲೇ ಇಲ್ಲ. ಯಾಕೆಂದು ನೋಡಿದರೆ ಆ ಅಂಗರಕ್ಷಕ ಈಗ ದೊಡ್ಡವರ ಸವಾರಿಯಲ್ಲಿ ಮುಂದಿನ ಗಾಡಿಯಲ್ಲಿ ಕೂರುತ್ತಿದ್ದ. ಮೂರನೆಯ ತಿಂಗಳು, ಒಂದು ಮಂಗಳವಾರ ಬೆಳಿಗ್ಗೆ ಎಂಟಕ್ಕೆ, ನನ್ನ ತಮ್ಮ ಮತ್ತೆ ಡ್ರಮ್ಮು ಹತ್ತಿದ. 'ನಾವು ಕೇಳಿದ್ದು ಒಂದೇ ಮಾತು, ಅದು ಇನ್ನೂ ಬಾಕಿ ಇದೆ. ನಾಳೆಯಿಂದ ಗಾಡಿ ತೆಗೆಯಲ್ಲ,' ಎಂದನಂತೆ.

ಹನ್ನೊಂದೂವರೆಗೆ ನನ್ನ ಮೇಜಿಗೆ ಒಂದು ನಕಲು ಬಂತು. ಈಗ ನಾನು ಪ್ರತಿ ಕಾಗದವನ್ನೂ ಓದುತ್ತಿದ್ದೆ, ಪ್ರತಿ ಅಕ್ಷರ. ಇದನ್ನೂ ಓದಿದೆ. ಒಂದೇ ಹೆಸರು. ಬಂಧನ, ವಿಚಾರಣೆಯಿಲ್ಲದೆ ಕಲ್ಲುಗಣಿ. ಕೆಳಗೆ ದೊಡ್ಡವರ ಸಹಿ, ಅವರ ಕೈಯಿಂದಲೇ ಹಾಕಿದ್ದು, ಇಂಕು ಅಲ್ಲಲ್ಲಿ ಹರಡಿತ್ತು, ಸುರುಳಿ ಸೊಟ್ಟಗಿತ್ತು. ಅಡಿಯಲ್ಲಿ ಪೆನ್ಸಿಲಿನ ಒಂದು ಗೆರೆಯೂ ಇರಲಿಲ್ಲ. ಅಸಲು ಪ್ರತಿ ಒಂದು ಗಂಟೆ ಮೊದಲೇ ಹೋಗಿತ್ತು.

ನಂಬರು ಬರೆಯದೆ ಎದ್ದು ಓಡಿದೆ. ಡಿಪೋ ಮುಟ್ಟಿದಾಗ ಪೊಲೀಸ್ ವ್ಯಾನು ತಮ್ಮನನ್ನು ಎತ್ತಿಕೊಂಡು ಹೋಗಿ ಇಪ್ಪತ್ತು ನಿಮಿಷವಾಗಿತ್ತು. ಒಂಬತ್ತನೆಯ ನಂಬರಿನ ಬಸ್ಸು ಎಂಜಿನ್ ಆರಿಸದೆ ಗುರುಗುಡುತ್ತಾ ನಿಂತಿತ್ತು. ಕಾಗದ ಬೀರುವಿನಲ್ಲಿ ಮಲಗುತ್ತಿದ್ದ ಆ ಮೂರು ದಿನಗಳನ್ನು ನೆನೆದು ಅಂದು ನಾನು ಅತ್ತಷ್ಟು, ದೊಡ್ಡವರು ಸತ್ತಾಗ ಇಡೀ ದೇಶವೂ ಅಳಲಿಲ್ಲ. ಹೇಡಿಯ ಕೈಕೆಳಗೆ ಬದುಕಲು ಮೂರು ದಿನವಾದರೂ ಸಿಗುತ್ತಿತ್ತು.

ಕಲ್ಲುಗಣಿಯಲ್ಲಿ ತಿಂಗಳಿಗೊಮ್ಮೆ ಹತ್ತು ನಿಮಿಷ ಭೇಟಿ. ನಡುವೆ ಎರಡು ಸಾಲು ಕಬ್ಬಿಣದ ಜಾಲರಿ. ಮೊದಲ ಸಲ ಅಮ್ಮನಿಗೆ ಅಷ್ಟು ದೂರ ಬರಲು ಆಗಲಿಲ್ಲ, ನಾನೊಬ್ಬಳೇ ಹೋದೆ. ತಮ್ಮನ ಹುಬ್ಬು, ರೆಪ್ಪೆ, ಕಿವಿಯ ಸಂದಿ ಎಲ್ಲ ಕಲ್ಲಿನ ಪುಡಿ. ಮೂವತ್ತೈದರ ಹುಡುಗ ಮುದುಕನ ಹಾಗೆ ಕಾಣುತ್ತಿದ್ದ. ಅಮ್ಮ ಹೇಗಿದ್ದಾಳೆ, ಬಸ್ಸು ಯಾರು ಓಡಿಸುತ್ತಿದ್ದಾರೆ, ಕ್ಲಚ್ಚು ಮೆತ್ತಗೆ ಬಿಡಲು ಹೇಳು ಎಂದೆಲ್ಲ ಮಾತಾಡಿದ. ಆಮೇಲೆ ತಲೆ ಕೆರೆದುಕೊಂಡ.

'ಒಂದು ಅರ್ಥ ಆಗಲ್ಲಕ್ಕಾ. ಹೋದ ಸಲ ನಮ್ಮನ್ನ ಹಿಡಿಯೋಕೆ ನಾಲ್ಕು ದಿನ ತಗೊಂಡ್ರು. ಈ ಸಲ ಬೆಳಿಗ್ಗೆ ಮಾತಾಡಿದೆ, ಮಧ್ಯಾಹ್ನಕ್ಕೆ ಮುಂಚೆ ಹಿಡಿದ್ರು. ಆ ಮನುಷ್ಯನಿಗೆ ಇಷ್ಟು ಧೈರ್ಯ ಎಲ್ಲಿಂದ ಬಂತು?'

'ನಾನು ಕೊಟ್ಟೆ ಕಣೋ,' ಎಂದೆ.

ಅವನು ನಕ್ಕ. ನಾನು ನಗಲಿಲ್ಲ. ಎಲ್ಲ ಹೇಳಿದೆ, ಮೊದಲ ನಲವತ್ತೊಂದು ವಾರಂಟಿನಿಂದ ಶುರುಮಾಡಿ. ಬೀರು, ಮೂರು ದಿನ, ನಾನು ಓದದೆ ಇದ್ದದ್ದು, ಆಮೇಲೆ ಹೇಳದೆ ಕೇಳದೆ ಇಂಕು ಹಾಕಿದ್ದು, ಅದನ್ನು ಅವರು ತಮ್ಮ ಶೌರ್ಯವೆಂದು ನಂಬಿದ್ದು. ಅವನು ಜಾಲರಿಯ ಕಂಡಿಯಲ್ಲಿ ಬೆರಳು ಸಿಕ್ಕಿಸಿಕೊಂಡು ಕೇಳಿದ. ಕಾವಲಿನವನು ಎರಡು ನಿಮಿಷ ಇದೆ ಎಂದು ಕೂಗಿದ.

'ಅಮ್ಮಂಗೆ ಗೊತ್ತಾ?' ಎಂದ ತಮ್ಮ.

'ಇಲ್ಲ.'

'ಹೇಳ್ಬೇಡ.' ಜಾಲರಿಯಿಂದ ಬೆರಳು ಬಿಡಿಸಿಕೊಂಡ. 'ಮುಂದಿನ ತಿಂಗಳು ಬರ್ತೀಯಲ್ಲ?'

'ಬರ್ತೀನಿ.'

ಆರು ವರ್ಷ, ಒಂದು ತಿಂಗಳೂ ತಪ್ಪಿಸದೆ ಹೋದೆ. ಅವನು ಆ ಮಾತನ್ನು ಮತ್ತೆ ಎತ್ತಲೇ ಇಲ್ಲ. ಬೈದಿದ್ದರೆ ಚೆನ್ನಾಗಿತ್ತು.